ಕೆಂಚವ್ವ ಮೂಸಿ ನೋಡಿದ ತುತ್ತು

ಬಹಳ ಬಹಳ ಹಿಂದೆ, ಏಳು ಕೋಟೆಯ ಸಿರಿಗಿರಿ ಎಂಬ ರಾಜ್ಯವಿತ್ತು. ಅಲ್ಲಿ ರನ್ನಿ ಎಂಬ ಬೆಕ್ಕು. ಅದು ಬದುಕಿರುವ ತನಕ ಯಾವ ಮಾಟವೂ ಆ ರಾಜ್ಯಕ್ಕೆ ತಾಗುತ್ತಿರಲಿಲ್ಲ. ಅದಕ್ಕೇ ಅರಮನೆಯಲ್ಲಿ ಏನೇ ಬೆಂದರೂ ಮೊದಲ ತುತ್ತು ರನ್ನಿಗೆ. ಆ ತುತ್ತು ಹಾಕುವವಳು ಅಡುಗೆಯ ಕೆಂಚವ್ವ. ರಾಜನಿಗೂ ಎದುರಾಡುವ ಹೆಂಗಸು, ಅಂಥಿಂಥವಳಲ್ಲ ಬಿಡಿ!

ಒಂದು ದಿನ ಕಾಳಭುಜ ಎಂಬ ಮಾಂತ್ರಿಕ ಬಂದ. "ಮೂರು ದಿನ ನಾನೇ ಅಡುಗೆ ಮಾಡುತ್ತೇನೆ. ಮೊದಲು ನಾನುಂಡು ತೋರಿಸುತ್ತೇನೆ, ಆಮೇಲೆ ಬೆಕ್ಕು ಉಣ್ಣಲಿ. ಮೂರು ಸಲವೂ ನೀವು ನನ್ನ ಅಡುಗೆಯಲ್ಲಿ ತಪ್ಪು ಹಿಡಿದರೆ ನಾನು ಇಲಿಯಾಗುತ್ತೇನೆ. ನೀವು ಒಂದು ಸಲ ಸೋತರೂ ರಾಜ್ಯ ನನ್ನದು," ಎಂದ.

ಮನುಷ್ಯ ಉಂಡದ್ದು ಬೆಕ್ಕಿಗೇನು ಮಾಡೀತು ಎಂದುಕೊಂಡು ರಾಜ ಹೂಂ ಅಂದುಬಿಟ್ಟ.

ಮೊದಲ ದಿನ ಈರುಳ್ಳಿ ಹುಳಿ. ಮಾಂತ್ರಿಕ ಸೊರಸೊರ ಉಂಡ. ಕೆಂಚವ್ವ ಮೂಸಿದಳು.

"ನಿನ್ನ ಹೊಟ್ಟೆಗೆ ಹಿತ, ನನ್ನ ಕೂಸಿಗೆ ವಿಷ. ಈರುಳ್ಳಿ ಬೆಕ್ಕಿನ ರಕ್ತವನ್ನೇ ಕೆಡಿಸುತ್ತದೆ. ಗೊತ್ತಿಲ್ಲದೆ ಹಾಕಿ ಮನೆಯ ಬೆಕ್ಕನ್ನು ಕಳಕೊಂಡವಳು ನಾನು," ಎಂದಳು.

ಎರಡನೆಯ ದಿನ ಪಾಯಸ, ಅದರಲ್ಲಿ ಒಣದ್ರಾಕ್ಷಿ ಅರೆದು ಬೆರೆಸಿದ್ದ. ಕೆಂಚವ್ವ ಮೂಸಿದಳು.

"ದ್ರಾಕ್ಷಿ ತಿಂದರೆ ಬೆಕ್ಕಿಗೆ ಉಚ್ಚೆ ಕಟ್ಟುತ್ತದೆ. ಎತ್ತು ಬಟ್ಟಲು!"

ಮೂರನೆಯ ದಿನ ಬರಿಯ ಬೆಂದ ಮೀನು. ಮುಳ್ಳಿಲ್ಲ, ಖಾರವಿಲ್ಲ, ಉಪ್ಪೂ ಇಲ್ಲ. ರನ್ನಿ ಮಿಯಾಂ ಎನ್ನುತ್ತ ಕಾಲಿಗೆ ಸುತ್ತಿಕೊಂಡಿತು.

"ಕೊಡು ಕೆಂಚವ್ವ, ಇದರಲ್ಲೇನಿದೆ?" ಎಂದ ರಾಜ.

ಕೆಂಚವ್ವ ಮೂಸಿದಳು. ಮೀನಿನ ವಾಸನೆ ಉಳಿದದ್ದನ್ನೆಲ್ಲ ಮುಚ್ಚಿತ್ತು. ಆದರೆ ನಲವತ್ತು ವರ್ಷ ಪಾತ್ರೆ ತಿಕ್ಕಿದ ಕೈ ಅದು!

"ತಟ್ಟೆ ಅಲ್ಲೇ ಇರಲಿ ಬುದ್ಧಿ. ಬೇಯಿಸಿದ ಮಡಕೆ ತರಿಸಿ!"

ಮಾಂತ್ರಿಕನ ಮುಖ ಕಪ್ಪಿಟ್ಟಿತು. ಅಡುಗೆ ಕಲಿತಿದ್ದ, ಪಾತ್ರೆ ತೊಳೆಯುವುದನ್ನು ಕಲಿತಿರಲಿಲ್ಲ. ಮಡಕೆಯ ತಳದಲ್ಲಿ ಬೆಳ್ಳುಳ್ಳಿ ಸಿಪ್ಪೆ ಅಂಟಿಕೊಂಡಿತ್ತು.

"ಬೆಳ್ಳುಳ್ಳಿ ನೀರಲ್ಲಿ ಬೇಯಿಸಿ, ಬೆಳ್ಳುಳ್ಳಿ ಎತ್ತಿಬಿಟ್ಟೆಯಾ? ಅದೂ ಈರುಳ್ಳಿಯ ತಂಗಿಯೇ ಕಣೋ! ನನ್ನ ಅಡುಗೆಮನೆಗೆ ಬಂದು ನನಗೇ ಪಾಠವೇ?"

ಆಡಿದ ಮಾತು ಆಡಿದವನನ್ನೇ ಹಿಡಿಯಿತು. ಮಾಂತ್ರಿಕ ನಿಂತಿದ್ದ ಜಾಗದಲ್ಲಿ ಒಂದು ಇಲಿ! ರನ್ನಿ ಚಂಗನೆ ನೆಗೆಯಿತು. ಕೆಂಚವ್ವ ಬೆಕ್ಕನ್ನು ಗಾಳಿಯಲ್ಲೇ ಹಿಡಿದು ಕಂಕುಳಿಗೆ ಅವುಚಿಕೊಂಡಳು.

"ಥೂ, ಬೇಡ ಮಗಳೇ! ಮೂರು ದಿನದಿಂದ ಆ ಇಲಿ ತಿಂದಿರುವುದೇನು ಅಂತ ನೋಡಿದ್ದೀಯಲ್ಲ!"

ಇಲಿ ಗಡಿ ದಾಟಿ ಓಡಿತು. ರಾಜ ಸಿಂಹಾಸನದಿಂದಿಳಿದು ಕೆಂಚವ್ವನಿಗೆ ಕೈಮುಗಿದ. ಸಿರಿಗಿರಿಯ ಜನರೆಲ್ಲ ಸುಖವಾಗಿ ಉಂಡು ಬಾಳಿದರು. ರನ್ನಿ ಮಾತ್ರ ಒಂದು ವಾರ ಕೆಂಚವ್ವನ ಮೇಲೆ ಮುನಿಸಿಕೊಂಡಿತ್ತು.