ಎರಡು ಲಿಫ್ಟು, ಒಂದು ಬಾಯಿ

ಏಳನೇ ಮಹಡಿಗೂ ಎಂಟನೇ ಮಹಡಿಗೂ ನಡುವೆ ಲಿಫ್ಟು ನಿಂತಿತು.

ಕೆಟ್ಟು ನಿಂತದ್ದಲ್ಲ ಸ್ವಾಮಿ, ನಿಲ್ಲಿಸಿದ್ದು. ಒಳಗೆ ನಾನು. ಪಕ್ಕದ ಲಿಫ್ಟಿನಲ್ಲಿ ನನ್ನ ಭಾವಮೈದುನ, ಹೆಂಡತಿಯ ಒಬ್ಬನೇ ತಮ್ಮ. ಮೇಲೆ, ಹಗ್ಗಗಳ ಹತ್ತಿರ, ಕಟರ್ ಹಿಡಿದ ಮೆಕ್ಯಾನಿಕ್.

ಇಂಟರ್‌ಕಾಮ್ ಕೆಮ್ಮಿತು. ಲಿಫ್ಟ್ ಕಂಟ್ರಾಕ್ಟರನ ದನಿ.

"ರಿಜಿಸ್ಟರ್ ಎಲ್ಲಿದೆ ಅಂತ ಯಾರು ಮೊದಲು ಬಾಯಿ ಬಿಡ್ತಾರೋ ಅವರು ನಿಧಾನಕ್ಕೆ ಕೆಳಗಿಳೀತಾರೆ. ಇನ್ನೊಬ್ಬರೂ ಇಳೀತಾರೆ... ಸ್ವಲ್ಪ ಬೇಗ."

ತಮಾಷೆ ಬಲ್ಲ ಕೊಲೆಗಾರ. ನನ್ನ ಪುಣ್ಯ!

ಸವೆದ ಹಗ್ಗಗಳನ್ನು ಹೊಸವೆಂದು ಇವನೇ ಸಹಿ ಮಾಡಿದ ರಿಜಿಸ್ಟರ್ ಅದು. ಆ ಸಹಿ ನಂಬಿ ಲಿಫ್ಟು ಹತ್ತಿದ ಇಬ್ಬರು ಸತ್ತಿದ್ದರು. ಕಂಟ್ರಾಕ್ಟರ್ ತಲೆಮರೆಸಿಕೊಂಡ. ಪತ್ತೇದಾರನಾದ ನಾನು ರಿಜಿಸ್ಟರನ್ನು ಹಾರಿಸಿಕೊಂಡು ಬಂದೆ.

ಇಂಥ ಇಕ್ಕಟ್ಟನ್ನು ನನ್ನ ಮಗಳು ಪರೀಕ್ಷೆಗೆ ಓದುತ್ತಾಳೆ. ಗೇಮ್ ಥಿಯರಿಯಂತೆ. ಹೋದ ವಾರ ಊಟದ ಟೇಬಲ್ಲಿನ ಮೇಲೆ ಎರಡು ಚಮಚ ಇಟ್ಟು, ಇವರು ಬೇರೆ ಬೇರೆ ಕೋಣೆಯಲ್ಲಿರುವ ಕಳ್ಳರು ಎಂದಳು. ಇಬ್ಬರೂ ಸುಮ್ಮನಿದ್ದರೆ ಇಬ್ಬರೂ ಬಚಾವು. ಆದರೆ ಅವನೆಲ್ಲಿ ಹೇಳಿಬಿಡುತ್ತಾನೋ ಎಂದು ಇವನೂ, ಇವನೆಲ್ಲಿ ಎಂದು ಅವನೂ ಹೇಳಿಬಿಡುತ್ತಾರಂತೆ.

"ನೀನೇನು ಮಾಡ್ತೀಯ ಅನ್ನೋದು ಆಮೇಲೆ ಅಪ್ಪ. ಆ ಕಡೆಯವನು ಏನು ಮಾಡ್ತಾನೆ ಅಂತ ಮೊದ್ಲು ಯೋಚ್ನೆ ಮಾಡು."

ಆ ಕಡೆಯವನ ಬಾಯಲ್ಲಿ ಗುಟ್ಟು ನಿಲ್ಲುವುದು ಜರಡಿಯಲ್ಲಿ ನೀರು ನಿಂತಷ್ಟೇ ಹೊತ್ತು. ಹತ್ತು ಸೆಕೆಂಡೂ ಆಗಿರಲಿಲ್ಲ...

"ಎದುರು ಬಿಲ್ಡಿಂಗು! ಬೇಸ್‌ಮೆಂಟಲ್ಲಿ, ಜನರೇಟರ್ ಹಿಂದೆ!"

ನಾನು ಇಂಟರ್‌ಕಾಮ್ ಒತ್ತಿದೆ. "ಅವನು ಸುಳ್ಳು ಹೇಳಿದ್ರೆ, ನಿಜ ಗೊತ್ತಿರೋನು ನಾನೊಬ್ಬನೇ. ನೋಡ್ಕೊಂಡು ಬಂದು ಕತ್ತರಿಸಿ."

ಕಂಟ್ರಾಕ್ಟರ್ ತಾನೇ ಹೋದ. ಹೆತ್ತ ಅಪ್ಪನನ್ನೂ ನಂಬದ ಆಸಾಮಿ.

ಜನರೇಟರ್ ಹಿಂದೆ ರಿಜಿಸ್ಟರ್ ಇತ್ತು. ಅಲ್ಲಿ ಕಾದು ಕೂತಿದ್ದ ಪೊಲೀಸ್ ಇನ್‌ಸ್ಪೆಕ್ಟರ್ ತೊಡೆಯ ಮೇಲೆ! ನಿನಗೊಬ್ಬನಿಗೇ ಹೇಳುತ್ತಿದ್ದೇನೆ ಎಂದು ಆ ಜಾಗವನ್ನು ಭಾವಮೈದುನನ ಕಿವಿಗೆ ಹಾಕಿದ್ದು ನಾನೇ. ಸುದ್ದಿ ಊರು ಸುತ್ತಿ ಕಂಟ್ರಾಕ್ಟರನನ್ನು ಎಳೆದು ತರಲಿ ಎಂದು. ಜಾಗದ ಸುದ್ದಿ ತಲುಪುವ ಮೊದಲೇ ನಮ್ಮನ್ನೇ ಹಿಡಿದು ಲಿಫ್ಟಿಗೆ ತುಂಬಿಯಾನೆಂದು ಎಣಿಸಿರಲಿಲ್ಲ, ಅಷ್ಟೇ.

ಎದುರಿನಿಂದ ಪೊಲೀಸ್ ಸೀಟಿ ಕೇಳಿತು. ನಾನು ಕತ್ತೆತ್ತಿ ಮೆಕ್ಯಾನಿಕ್‌ಗೆ ಕೂಗಿದೆ.

"ಯಜಮಾನ್ರು ಸಿಕ್ಕಿಬಿದ್ರು. ಈಗ ಮೊದಲು ಬಾಯಿ ಬಿಟ್ಟೋರು ಬಚಾವು. ನೀನೋ, ಅವರೋ?"

ಲಿಫ್ಟು ಇಳಿಯಿತು. ನಿಧಾನಕ್ಕೆ.

ಕೆಳಗೆ ಭಾವಮೈದುನ ನನ್ನನ್ನೇ ದಿಟ್ಟಿಸಿದ. "ನಾನು ಹೇಳಿಬಿಡ್ತೀನಿ ಅಂತ ನಿಮಗೆ ಮೊದಲೇ ಗೊತ್ತಿತ್ತಾ ಭಾವ?"

"ನಿನ್ನ ಮೇಲೆ ನನಗೆ ಅಷ್ಟೂ ನಂಬಿಕೆ ಇಲ್ವೇನೋ?"

ಸಂಜೆ ಮಗಳು ಪಾಠ ಮುಂದುವರಿಸಿದಳು. ಒಂದೇ ಸಲದ ಆಟ ಬೇರೆ, ಅದೇ ಜನರ ಜೊತೆ ದಿನಾ ಆಡುವ ಆಟ ಬೇರೆ. ಎರಡನೆಯದರಲ್ಲಿ ಸೇಡು ತಪ್ಪಿದ್ದಲ್ಲ. ಅಷ್ಟು ಹೊತ್ತಿಗೆ ಭಾವಮೈದುನ ಅಡುಗೆಮನೆಯಲ್ಲಿ ಅಕ್ಕನ ಮುಂದೆ ಎಲ್ಲವನ್ನೂ ಹೇಳಿ ಮುಗಿಸಿದ್ದ.

ಹೆಂಡತಿ ಹೊರಗೆ ಬಂದಳು. ನನ್ನ ಮುಖ ನೋಡಿದಳು.

ನಿಜ ಹೇಳಲೇ? ಲಿಫ್ಟೇ ವಾಸಿ ಇತ್ತು.