ಕಿರುಬೆರಳಿನ ಮೂಳೆ

೧೯೫೪ರ ಮಾರ್ಚ್ ೧೨, ಶುಕ್ರವಾರ. ಮಧ್ಯಾಹ್ನ ಮೂರೂಕಾಲಕ್ಕೆ ಫಾದರ್ ಇನ್ನಾಸಪ್ಪ ಕೆಂಗೇರಿ ಠಾಣೆಗೆ ಬಂದು ದೂರು ಕೊಟ್ಟರು. ಅವರ ಚರ್ಚಿನಲ್ಲಿ ಪೂಜೆಗಿಟ್ಟಿದ್ದ ಸಂತರ ಕಿರುಬೆರಳಿನ ಮೂಳೆ ಕಳವಾಗಿತ್ತು.

"ಬೆಲೆ?" ಇನ್ಸ್‌ಪೆಕ್ಟರ್ ಗುರುಸಿದ್ದಯ್ಯ ಕೇಳಿದರು.

"ಅದೇ ತಕರಾರು. ಮೊನ್ನೆ ಒಬ್ಬ ಡಾಕ್ಟರು ನೋಡಿ, ಇದು ಸಂತರದ್ದಲ್ಲ, ಯಾವುದೋ ಮಗುವಿನದು ಅಂದ್ಬಿಟ್ರು. ಊರೇ ಎರಡು ಪಾಲಾಗಿದೆ. ಮಗುವಿನ ವಯಸ್ಸು ಎಷ್ಟು ಅಂತ ತಿಳಿಯೋಕೆ ನಾಳೆ ಮದರಾಸಿಗೆ ಕಳಿಸೋದಿತ್ತು."

ಎಫ್‌ಐಆರ್ ದಾಖಲಾಯಿತು. ನಾಲ್ಕೂವರೆಗೆ ಚರ್ಚಿನಲ್ಲಿ ಪಂಚನಾಮೆ. ಮೂಳೆಯಿದ್ದ ಗಾಜಿನ ಡಬ್ಬಿ ಖಾಲಿ. ಆದರೂ ಹೆಂಗಸರು ಸಾಲಾಗಿ ಬಂದು ಮುತ್ತಿಡುತ್ತಿದ್ದರು.

"ಒಳಗೇನೂ ಇಲ್ಲ ಕಣಮ್ಮ," ಎಂದ ಕಾನ್‌ಸ್ಟೇಬಲ್ ದೊಡ್ಡಹನುಮಯ್ಯ.

"ಗೊತ್ತು ಸ್ವಾಮಿ. ಗಾಜು ಇನ್ನೂ ಬೆಚ್ಚಗೈತೆ."

ಅವನು ಮುಟ್ಟಿ, ತಟ್ಟನೆ ಕೈ ಹಿಂದೆಗೆದು ಪ್ಯಾಂಟಿಗೆ ಒರೆಸಿಕೊಂಡ.

ಡಬ್ಬಿಯ ಅಡಿಯಲ್ಲಿ ಬಿಷಪ್ಪರ ಕೆಂಪು ಅರಗಿನ ಮುದ್ರೆ ಇರಬೇಕಿತ್ತು. ಇದ್ದದ್ದು ಒಡೆದ ಮೇಣ, ಹಳೆಯದಾಗಿ ಕಂದಿದ ಬಿಳಿ ಮೇಣ. ಅದರಲ್ಲಿ ಒಂದು ಹೆಬ್ಬೆರಳ ಗುರುತು, ಅಡ್ಡಲಾಗಿ ಸೀಳಿದ ಗಾಯದ ಗೆರೆ.

ಪಂಚರಲ್ಲಿ ಒಬ್ಬ ಚರ್ಚಿನ ಆಳು ಚೌರಪ್ಪ. ಅರವತ್ತೈದು ದಾಟಿದವನು, ದೀಪ ಹಚ್ಚುವುದು, ಗಂಟೆ ಹೊಡೆಯುವುದು, ಉಳಿದ ಮೇಣದಬತ್ತಿ ಕರಗಿಸುವುದು ಅವನ ಕೆಲಸ. ಓದು ಬಾರದ್ದರಿಂದ ಪಂಚನಾಮೆಗೆ ಹೆಬ್ಬೆಟ್ಟು ಒತ್ತಿದ.

ಗುರುಸಿದ್ದಯ್ಯ ಕಾಗದವನ್ನೂ ಮೇಣದ ಚೂರನ್ನೂ ಅಕ್ಕಪಕ್ಕ ಹಿಡಿದರು. ಅದೇ ಸೀಳು.

"ಇದನ್ನ ಯಾವಾಗ ಒತ್ತಿದ್ದು ಚೌರಪ್ಪ?"

"ದೊಡ್ಡ ಜ್ವರದ ವರ್ಷ ಸಾರ್. ಹದಿನೆಂಟರಲ್ಲಿ. ಕಾಯಿಲೆಯವರ ಮನೆಮನೆಗೂ ಡಬ್ಬಿ ತಗೊಂಡು ಹೋಗ್ತಿದ್ದೆ. ಕೆರೆ ಏರಿ ಮೇಲೆ ಕೈ ಜಾರ್ತು, ಮುದ್ರೆ ಒಡೆದು ಡಬ್ಬಿ ಬಾಯಿ ಬಿಟ್ಕೊಂತು. ಸಂತರ ಮೂಳೆ ನೀರಿಗೆ ಹೋಯ್ತು."

"ಆಮೇಲೆ?"

"ಜನ ಕಾಯ್ತಾ ಇದ್ರು ಸಾರ್. ನನ್ನ ಮಗಳು ಹೋಗಿ ಮೂರು ತಿಂಗಳಾಗಿತ್ತು. ಅಗೆದೆ."

ಕೇಳಿಸಿಕೊಂಡ ಹೆಂಗಸರ ಸಾಲು ನಿಂತಿತು, ಆದರೆ ಚದುರಲಿಲ್ಲ.

ಸಂಜೆ ಆರಕ್ಕೆ ದಸ್ತಗಿರಿ. ಮೂಳೆ ಅವನ ಸೊಂಟದ ಗಂಟಿನಲ್ಲಿ ಸಿಕ್ಕಿತು.

"ಮೂವತ್ತಾರು ವರ್ಷ ಸುಮ್ಮನಿದ್ದೆ. ಈಗ ಯಾಕೆ ಕದ್ದೆ? ಮರ್ಯಾದೆ ಹೋಗುತ್ತೆ ಅಂತಲಾ?"

"ಹೋಗ್ಲಿ ಬಿಡಿ ಸಾರ್ ಅದು. ಆ ವರ್ಷ ಒಂದೇ ಗುಂಡೀಲಿ ಹನ್ನೊಂದು ಮಕ್ಕಳು. ಕೈಗೆ ಸಿಕ್ಕಿದ್ದು ತಗೊಂಡೆ. ನನ್ನ ಮಗಳದೇ ಅಂದ್ಕೊಂಡೆ. ಅವಳಿಗೆ ಆರು ತುಂಬಿತ್ತು. ಮದರಾಸಿನವರು ಬೇರೆ ವಯಸ್ಸು ಹೇಳಿದ್ರೆ?"

ಗುರುಸಿದ್ದಯ್ಯ ಮೂಳೆಯನ್ನು ಲಕೋಟೆಗೆ ಹಾಕಿ ಅರಗು ಒತ್ತಿದರು. ವಶಪಡಿಸಿಕೊಂಡ ಮಾಲು, ನಿಯಮದ ಪ್ರಕಾರ ಇನ್ನು ಇಲಾಖೆಯೇ ಅದನ್ನು ಮದರಾಸಿಗೆ ಕಳಿಸಬೇಕಿತ್ತು. ಆರೋಪಿಗೂ ಅದು ಅರ್ಥವಾಯಿತು.

"ಉತ್ತರ ಬಂದ್ರೆ ಕೋರ್ಟಿಗೆ ಹೇಳಿ ಸಾರ್," ಎಂದ ಚೌರಪ್ಪ. "ನನಗೆ ಹೇಳ್ಬೇಡಿ."