ಕಾಪುಗಂಟಿನ ಏಳನೆಯ ಎಳೆ

ಥಾವೆನ್ ತಿಂಗಳ ಇಪ್ಪತ್ತೈದನೆಯ ದಿನ ಬೆಳಿಗ್ಗೆ 8.40ಕ್ಕೆ ಕೆಲ್ಮೋರಾದ ಕೆರೆದಂಡೆ ಠಾಣೆಗೆ ಒಂದು ದೂರು ಬಂತು. ದೂರುದಾರಳು ರೊಟ್ಟಿ ಸುಡುವ ತಿಸ್ಮಾ. ಕಳವಾದ ವಸ್ತು, ಗೋಡೆ ಪಂಚಾಂಗದ ಒಂದು ಹಾಳೆ.

ಪೇದೆ ಒರ್ಕುತ್ ಲೇಖನಿ ಕೆಳಗಿಟ್ಟ. "ಒಂದ್ ಹಾಳೆಗೆ ಎಫ್‌ಐಆರ್ ಬೇಕಾ ಅಕ್ಕಾ?"

"ಬಿಡುದಿನದ ಹಾಳೆ ಕಣಪ್ಪಾ! ಅದನ್ನ ಕಿತ್ಕೊಂಡು, ಕೈಯಲ್ಲಿ ಬರ್ದಿದ್ದೇನೋ ಅಂಟಿಸಿ ಹೋಗಿದಾರೆ. ಇನ್ನ್ ನಾಲ್ಕು ದಿನಕ್ಕೆ ಬಿಡುದಿನ, ಬಾಗಿಲಿಗೆ ಏನ್ ಹಾಕ್ಲಿ? ನಿನ್ ಟೋಪಿನಾ?"

ಒರ್ಕುತ್ ನಗಲಿಲ್ಲ. ಬಿಡುದಿನ ಥಾವೆನ್‌ನ ಇಪ್ಪತ್ತೆಂಟು ದಿನ ಮುಗಿದ ಮೇಲೆ ಬರುವ, ಯಾವ ತಿಂಗಳಿಗೂ ಸೇರದ ದಿನ. ಅಂದು ಉಪ್ಪುಕೆರೆಯಿಂದ ಬಿಳಿಯುಸಿರು ಎದ್ದು ಬೀದಿಗಳಿಗೆ ನುಗ್ಗುತ್ತದೆ. ಪಂಚಾಂಗದ ಕೊನೆಯ ಹಾಳೆಯ ಮೇಲೆ ಅಚ್ಚಾಗಿರುವ ಕಾಪುಗಂಟಿನ ಚಿತ್ರ ಬಾಗಿಲ ಮೇಲಿಲ್ಲದಿದ್ದರೆ ಒಳಗಿದ್ದವರು ಉಳಿಯುವುದು ಕಷ್ಟ.

ಮಧ್ಯಾಹ್ನದೊಳಗೆ ಇನ್ನೂ ಹನ್ನೊಂದು ದೂರು ಬಂದವು. ಠಾಣಾಧಿಕಾರಿ ದಾಲ್ವಿನಾ ಸ್ವತಃ ಹೋಗಿ ಸ್ಥಳ ಪಂಚನಾಮೆ ಮಾಡಿದಳು. ಬೀಗ ಮುರಿದಿರಲಿಲ್ಲ. ಬೇರೇನೂ ಹೋಗಿರಲಿಲ್ಲ.

"ಮನೆಗೆ ಯಾರು ಬಂದಿದ್ರು?"

"ಯಾರೂ ಇಲ್ಲ."

ಹನ್ನೆರಡು ಮನೆಯಲ್ಲೂ ಅದೇ ಉತ್ತರ. ಮರುದಿನಕ್ಕೆ ದೂರುಗಳು ಮೂವತ್ತನಾಲ್ಕಾದವು. ಗಂಟು ಬರೆಯಬಲ್ಲವರು ಯಾರೆಂದು ತಿಳಿಯಲು ದಾಲ್ವಿನಾ ಪಂಚಾಂಗ ಕಚೇರಿಗೆ ಹೋದಳು. ಅಲ್ಲಿನ ಅಧಿಕಾರಿ ಸೊರೆಲ್ ಸಿಬ್ಬಂದಿಯ ಪಟ್ಟಿ ಕೊಡಲಿಲ್ಲ.

"ಬಿಡುದಿನ ಕಳೀಲಿ, ಕೊಡೋಣ."

"ಕಳೆದ್ಮೇಲೆ ತಗೊಂಡು ಏನ್ ಮಾಡ್ಲಿ?"

"ನಿಯಮ ಅಮ್ಮಾ. ನಾನೇನ್ ಮಾಡ್ಲಿ?"

ವರಿಷ್ಠಾಧಿಕಾರಿಗಳಿಂದ ಬಂದ ಚೀಟಿಯಲ್ಲಿ ಒಂದೇ ಸಾಲು: ಕಾಗದದ ತುಂಡಿಗಾಗಿ ಪೇದೆಗಳನ್ನು ಅಲೆದಾಡಿಸಬೇಡಿ. ದಾಲ್ವಿನಾ ಅದನ್ನು ಮುದುರಿ ಮೂಲೆಗೆಸೆದಳು. ಆಮೇಲೆ ಕಡತಕ್ಕೆ ಬೇಕೆಂದು ತಾನೇ ಎತ್ತಿ ನೇರ ಮಾಡಿದಳು.

ಇಪ್ಪತ್ತೇಳರ ಬೆಳಿಗ್ಗೆ ಅವಳು ಠಾಣೆಯ ಪಂಚಾಂಗದ ಅಚ್ಚಿನ ಹಾಳೆಯನ್ನೂ ಕೈಬರಹದ ಹಾಳೆಯನ್ನೂ ಅಕ್ಕಪಕ್ಕ ಇಟ್ಟಳು. ಅಚ್ಚಿನ ಗಂಟಿಗೆ ಆರು ಎಳೆ, ಕೈಬರಹದ್ದಕ್ಕೆ ಏಳು.

"ಯಾವ್ದು ಸರಿ?"

ಠಾಣೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಬಿಡುದಿನ ಕಳೆದ ಮರುಬೆಳಿಗ್ಗೆ ಹಾಳೆಯನ್ನು ಒಲೆಗೆ ಹಾಕುವುದು ಊರ ಪದ್ಧತಿ. "ಅದಕ್ಕೆ ಕೈ ಮುಗೀತೀವಿ ಅಮ್ಮಾವ್ರೆ, ಎಣಿಸ್ತೀವಾ?" ಎಂದ ಒರ್ಕುತ್.

ಹಳೆಯ ಗಂಟೊಂದನ್ನು ಹುಡುಕಲು ದಾಲ್ವಿನಾ ಅವನನ್ನೇ ಸಾಕ್ಷ್ಯದ ಕೋಣೆಗೆ ಕಳಿಸಿದಳು. ಎರಡು ತಾಸು ಧೂಳು ಕುಡಿದ ಮೇಲೆ ಅವನು ಒಂಬತ್ತು ವರ್ಷ ಹಿಂದಿನ ಮನೆಗಳ್ಳತನದ ಕಡತವೊಂದನ್ನು ಹೊತ್ತು ತಂದ. ಜಪ್ತಿ ಮಾಡಿದ ಬಾಗಿಲ ಹಲಗೆಯ ಮೇಲೆ ಅಂದಿನ ಕಾಪುಗಂಟು ಹಾಗೇ ಅಂಟಿಕೊಂಡಿತ್ತು.

ಏಳು ಎಳೆ.

ದಾಲ್ವಿನಾ ತಿಸ್ಮಾಳ ಮನೆಗೆ ಮತ್ತೆ ಹೋದಳು. "ಯಾರು ಬಂದಿದ್ರು ಅಂತ ಕೇಳಲ್ಲ. ಬಾಗಿಲು ಯಾರಿಗೆ ತೆಗ್ದೆ?"

"ಯಾರಿಗೂ ಇಲ್ಲ. ಪಂಚಾಂಗದ ಮೊಳೆ ಗಟ್ಟಿ ಇದ್ಯಾ ನೋಡೋಕೆ ಬಂದ ತಾತನಿಗೆ ಬಿಟ್ರೆ."

"ಅದನ್ನ ಯಾಕೆ ಹೇಳ್ಲಿಲ್ಲ?"

"ಕಚೇರಿ ಬಿಲ್ಲೆ ಹಾಕ್ಕೊಂಡು ವರ್ಷಾ ವರ್ಷಾ ಯಾರಾದ್ರೂ ಬರ್ತಾರಲ್ಲ. ಅದನ್ನೂ ಬರೋದು ಅಂತಾರಾ?"

ಸಂಜೆ 4.15ಕ್ಕೆ ಕುಂಬಾರರ ಬೀದಿಯ ಮನೆಯೊಂದರಲ್ಲಿ ಮಣೆ ಹತ್ತಿ ನಿಂತಿದ್ದ ಮುದುಕನನ್ನು ಒರ್ಕುತ್ ಹಿಡಿದ. ಮುದುಕ ಓಡಲಿಲ್ಲ. ಕೈಯಲ್ಲಿದ್ದ ಹಾಳೆ ಅಂಟಿಸಿ ಮುಗಿಸಲು ಬಿಡಿ ಎಂದು ಕೇಳಿಕೊಂಡ.

"ಹೆಸರು?"

"ಬೆರೂನ್. ಪಂಚಾಂಗ ಕಚೇರೀಲಿ ಅಚ್ಚು ಕೆತ್ತೋನು. ನಲವತ್ತೊಂದು ವರ್ಷ ಆಯ್ತು."

"ಹಾಳೆ ಯಾಕೆ ಕಿತ್ರಿ?"

"ಆರೆಳೆ ಕೆತ್ತಿದ್ದು ನಾನೇ ತಾಯಿ. ಕಣ್ಣು ಮಂಜಾಗಿದೆ. ಹೇಳಿದ್ರೆ ಮನೆಗೆ ಕಳಿಸ್ತಾರೆ ಅಂತ ಮುಚ್ಚಿಟ್ಟೆ. ಹಂಚಿದ್ಮೇಲೆ ಬೆರಳಿಟ್ಟು ಅಚ್ಚು ಸವರಿದಾಗ ಗೊತ್ತಾಯ್ತು."

"ಸೊರೆಲ್‌ಗೆ ಹೇಳಿದ್ರಾ?"

"ಮೂರು ಸಲ. ಪಂಚಾಂಗ ತಪ್ಪು ಅಂದ್ರೆ ನಾಳೆ ಯಾರೂ ನಮ್ಮನ್ನ ನಂಬಲ್ಲ, ಬಾಯ್ಮುಚ್ಕೊಂಡಿರು ಅಂದ್ರು. ಸಂತೇಲಿ ನಿಂತು ಕೂಗ್ದೆ. ಮುದುಕನಿಗೆ ತಲೆ ಕೆಟ್ಟಿದೆ ಅಂದ್ರು. ಕೊನೆಗೆ ಕೆರೆದಂಡೆಯಿಂದ ಶುರು ಮಾಡ್ದೆ."

"ಕಣ್ಣು ಕಾಣ್ದೆ ಹೇಗೆ ಬರೀತೀರಿ?"

"ಇದು ಕೈಗೆ ನೆನಪಿದೆ. ಕೆತ್ತೋವಾಗ ಚಾಣ ಜಾರಿದ್ದು ನೋಡೋಕೆ ಮಾತ್ರ ಕಣ್ಣು ಬೇಕಿತ್ತು."

"ಎಷ್ಟು ಮನೆ ಆಯ್ತು?"

"ಇನ್ನೂರ ಹನ್ನೆರಡು."

ಊರಲ್ಲಿ ನಾಲ್ಕು ಸಾವಿರ ಮನೆಗಳಿದ್ದವು. ದಾಲ್ವಿನಾ ಹಲಗೆಯನ್ನೂ ಹೇಳಿಕೆಯನ್ನೂ ವರಿಷ್ಠರಿಗೆ ಕಳಿಸಿದಳು. ಇಪ್ಪತ್ತೆಂಟರ ಬೆಳಿಗ್ಗೆ 7ಕ್ಕೆ ಉತ್ತರ ಬಂತು: ಕೈಬರಹದ ಹಾಳೆಗಳನ್ನು ಜಪ್ತಿ ಮಾಡಿ, ಅಚ್ಚಿನ ಹಾಳೆಗಳನ್ನು ಮರಳಿಸಿ, ವಿಷಯ ಹೊರಗೆ ಹೋಗಕೂಡದು.

ಅವಳು ಎರಡು ಸಲ ಓದಿದಳು. ಮೇಜಿಗೆ ಗುದ್ದಿದ್ದಕ್ಕೆ ಶಾಯಿ ಚೆಲ್ಲಿತು, ಅಷ್ಟೇ. ಬಳಿಕ ಕಾನೂನು ಪುಸ್ತಕ ತೆರೆದು ಬಹಳ ಹೊತ್ತು ಕೂತಳು. ಕೊನೆಗೆ ಕಾಗದದ ಕಟ್ಟು ಹಿಡಿದು ಬೆರೂನ್‌ನ ಬಳಿ ಬಂದಳು.

"ಆರೋಪಿಯ ಕೈಬರಹದ ಮಾದರಿ ತಗೋಬೇಕು. ಕಾಪುಗಂಟನ್ನೇ ಬರೀರಿ."

"ಎಷ್ಟು ತಾಯಿ?"

"ಕಾನೂನಲ್ಲಿ ಲೆಕ್ಕ ಹೇಳಿಲ್ಲ."

ಒರ್ಕುತ್ ತಲೆ ಕೆರೆದುಕೊಂಡ. "ಅಮ್ಮಾವ್ರೆ, ಹೋಲಿಸಿ ನೋಡೋಕೆ ನಮ್ ಕೈಬರಹನೂ ಬೇಕಲ್ವಾ?"

ಎಂಟು ಪೇದೆಗಳು ನೆಲದ ಮೇಲೆ ಕೂತರು. ಮಾದರಿಗಳನ್ನು ಗುರುತು ಹಿಡಿಸುವ ನೆಪದಲ್ಲಿ ಮನೆಮನೆಗೆ ಒಯ್ದರು. ಕೆಲವರು ತೆಗೆದುಕೊಂಡರು. ಕೆಲವರು ಕಚೇರಿಯ ಮುದ್ರೆ ಎಲ್ಲಿ ಎಂದು ಜಗಳಾಡಿ ಬಾಗಿಲು ಹಾಕಿಕೊಂಡರು. ಬಿಳಿಯುಸಿರು ಕೆರೆ ದಾಟುವ ಹೊತ್ತಿಗೂ ಒಂಬೈನೂರು ಬಾಗಿಲುಗಳ ಮೇಲೆ ಆರೆಳೆಯೇ ಇತ್ತು.

ಆ ವರ್ಷ ಬಿಡುದಿನದಂದು ಕೆಲ್ಮೋರಾದಲ್ಲಿ ಒಂಬತ್ತು ಮಂದಿ ಸತ್ತರು. ಹವೆ ಕೆಟ್ಟಿತ್ತೆಂದು ಪಂಚಾಂಗ ಕಚೇರಿ ಪ್ರಕಟಣೆ ಹೊರಡಿಸಿತು.

"ಯಾವ್ಯಾವ ಮನೆ ತಾಯಿ?" ಎಂದು ಬೆರೂನ್ ಕೇಳಿದ. ದಾಲ್ವಿನಾ ಒಂಬತ್ತು ಹೆಸರನ್ನೂ ಓದಿದಳು. ಆತ ಪ್ರತಿಯೊಂದನ್ನೂ ತಾನೂ ಒಮ್ಮೆ ಹೇಳಿಕೊಂಡು, ದೋಷಾರೋಪ ಪತ್ರವನ್ನು ಓದಿಸಿಕೊಳ್ಳದೆಯೇ ಸಹಿ ಹಾಕಿದ.

ಕೃತ್ಯಕ್ಕೆ ಕಾರಣ ಎಂಬಲ್ಲಿ ದಾಲ್ವಿನಾ ಬರೆದದ್ದು ಇಷ್ಟು: ಕಣ್ಣು ಹೋದದ್ದನ್ನು ಹೇಳಿಕೊಳ್ಳಲು ಆರೋಪಿ ಹೆದರಿದ್ದ. ತಪ್ಪಾಗಿದೆ ಎಂದು ಹೇಳಲು ಹೆದರಲಿಲ್ಲ. ಕೇಳಿಸಿಕೊಳ್ಳುವವರು ಇರಲಿಲ್ಲ.